ಐದನೆಯ ಗುರುಸಿದ್ದಯ್ಯ

ಮೈಸೂರಿನ ಮಂಡಿ ಮೊಹಲ್ಲಾದ ಒಂದು ಆಫ್‌ಸೆಟ್ ಪ್ರೆಸ್ಸಿನಲ್ಲಿ ನಾನು ಗ್ರಾಫಿಕ್ ಡಿಸೈನರ್. ನನ್ನ ವಿಸಿಟಿಂಗ್ ಕಾರ್ಡಿನಲ್ಲಿ ಹಾಗಿದೆ. ಆ ಕಾರ್ಡನ್ನು ಡಿಸೈನ್ ಮಾಡಿದವನೂ ನಾನೇ ಆದ್ದರಿಂದ ಯಾರೂ ತಡೆಯಲಿಲ್ಲ. ನಿಜವಾಗಿ ನಾನು ಮಾಡುವುದೆಂದರೆ ಹೋದ ವರ್ಷದ ಮದುವೆ ಕಾರ್ಡನ್ನು ಕಂಪ್ಯೂಟರಿನಲ್ಲಿ ತೆರೆದು, ಹಳೆಯ ಗಂಡುಹೆಣ್ಣಿನ ಹೆಸರು ಅಳಿಸಿ, ಹೊಸಬರ ಹೆಸರು ಕೂರಿಸುವುದು. ಒಮ್ಮೆ ಗಂಡಿನ ಹೆಸರು ಬದಲಾಯಿಸಿ ಹೆಣ್ಣಿನದನ್ನು ಮರೆತೆ. ಅಂದಿನಿಂದ ನಮ್ಮ ಮಾಲೀಕರಾದ ಲಕ್ಷ್ಮೀನರಸಿಂಹ ಅವರು ನನ್ನ ಮಾನಿಟರಿನ ಮೇಲೆ ಒಂದು ಚೀಟಿ ಅಂಟಿಸಿದ್ದಾರೆ: ‘ಪ್ರೂಫ್ ತೋರಿಸದೆ ಪ್ರಿಂಟ್ ಇಲ್ಲ.’ ಆ ಚೀಟಿಯನ್ನು ಟೈಪ್ ಮಾಡಿದವನೂ ನಾನೇ. ಟೈಪ್ ಮಾಡಿದ್ದನ್ನು ಓದುವ ಅಭ್ಯಾಸ ನನಗಿಲ್ಲ.

ನಾನಿರುವುದು ಹುಣಸೂರು ರಸ್ತೆಯಲ್ಲಿ, ಇಲವಾಲ ಇನ್ನೂ ಸ್ವಲ್ಪ ದೂರವಿದೆ ಎನ್ನುವಾಗ ಸಿಗುವ ಹೊಸ ಬಡಾವಣೆಯಲ್ಲಿ. ಗುರುಸಿದ್ದಯ್ಯ ಎಂಬುವರ ಮನೆಯ ಮಹಡಿಯ ಮೇಲೊಂದು ಕೋಣೆ. ಎರಡು ವರ್ಷ ಅವರ ಬಾಡಿಗೆದಾರನಾಗಿದ್ದು, ಅವರ ಹೆಂಡತಿ ಬಸವಮ್ಮನವರ ಹುರುಳಿಕಾಳಿನ ಸಾರನ್ನು ಮಣಗಟ್ಟಲೆ ಉಂಡು, ಆ ಮನುಷ್ಯ ಏನು ಕೆಲಸದಲ್ಲಿದ್ದರು ಎಂದು ನಾನು ಒಮ್ಮೆಯೂ ಕೇಳಿರಲಿಲ್ಲ. ಸರ್ಕಾರಿ ಕೆಲಸದಲ್ಲಿದ್ದು ನಿವೃತ್ತರಾದವರು ಎಂದಷ್ಟೇ ಗೊತ್ತಿತ್ತು. ನನ್ನ ಹೆಸರಿಗೆ ಕೊರಿಯರ್ ಬಂದರೆ ಅದನ್ನು ತಾವೇ ಮೇಲಕ್ಕೆ ತಂದು, ಬಾಗಿಲು ತೆರೆದೇ ಇದ್ದರೂ ಹೊರಗೆ ಪಕ್ಕಕ್ಕೆ ನಿಂತು, ಬಾಗಿಲು ತಟ್ಟಿ, ಎರಡೂ ಕೈಯಲ್ಲಿ ಕೊಡುತ್ತಿದ್ದರು. ನನಗೆ ಬರುತ್ತಿದ್ದುದು ಮೊಬೈಲ್ ಕವರು, ಇಯರ್‌ಫೋನು. ಅವರು ಕೊಡುವ ರೀತಿಗೆ ನನಗೇ ಬಡ್ತಿ ಆದೇಶ ಬಂದಂತೆ ಅನ್ನಿಸುತ್ತಿತ್ತು.

ನಾನು ಆಮೇಲೆ ತಿಳಿದುಕೊಂಡದ್ದನ್ನು ನಿಮಗೆ ಈಗಲೇ ಹೇಳಿಬಿಡುತ್ತೇನೆ. ಗುರುಸಿದ್ದಯ್ಯನವರು ಇಪ್ಪತ್ತನಾಲ್ಕನೆಯ ವಯಸ್ಸಿನಲ್ಲಿ ಊರು ಬಿಟ್ಟು ಬಂದು ನಗರದ ಒಂದು ದೊಡ್ಡ ಸರ್ಕಾರಿ ಕಚೇರಿಯಲ್ಲಿ ದಲಾಯತರಾಗಿ ಸೇರಿದರು. ಕಡತ ಹೊರುವುದು, ಟಪಾಲು ಮುಟ್ಟಿಸುವುದು, ಸಾಹೇಬರ ಬಾಗಿಲಲ್ಲಿ ನಿಲ್ಲುವುದು ದಲಾಯತರ ಕೆಲಸ. ಮೂವತ್ತಾರು ವರ್ಷ ಅದನ್ನೇ ಮಾಡಿದರು. ಜನವರಿ, ಆಗಸ್ಟ್, ನವೆಂಬರ್ ಬಂತೆಂದರೆ ಧ್ವಜ ಕಟ್ಟುವ ಕೆಲಸವೂ ಅವರದೇ. ಬೆಳಗಿನ ಜಾವ ಐದಕ್ಕೆ ಕಚೇರಿಗೆ ಹೋಗಿ, ಮೊದಲು ತಮ್ಮ ಹೆಗಲ ಟವೆಲನ್ನೇ ಮಡಿಸಿ ಕಂಬಕ್ಕೇರಿಸಿ, ಹಗ್ಗ ಎಳೆದು ನೋಡುವರು. ಟವೆಲು ಒಂದೇ ಎಳೆತಕ್ಕೆ ಬಿಚ್ಚಿಕೊಂಡರೆ ಮಾತ್ರ ಧ್ವಜವನ್ನು ಹೂದಳ ತುಂಬಿ ಮಡಿಸಿ, ಜಾರುಗಂಟು ಹಾಕಿ ಮೇಲೇರಿಸುವರು. ಆಮೇಲೆ ಸಾಹೇಬರು ಬಂದು ಎಳೆಯುವರು. ನೂರಕ್ಕೂ ಹೆಚ್ಚು ಸಲ ಹಾಗೆ ಕಟ್ಟಿದ ಕೈ, ಧ್ವಜದ ಹಗ್ಗವನ್ನು ಒಂದು ಸಲವೂ ಎಳೆದಿರಲಿಲ್ಲ.

ಈ ವರ್ಷ ಜನವರಿಯ ಮೊದಲ ವಾರದಲ್ಲಿ ನಮ್ಮ ಬಡಾವಣೆಯ ಸಂಘದ ಕಾರ್ಯದರ್ಶಿ ಸದಾಶಿವಯ್ಯ ಮೇಷ್ಟ್ರು ಮನೆಗೆ ಬಂದರು. ನಾನು ಅಡುಗೆಮನೆಯ ಬಾಗಿಲಲ್ಲಿ ಸಾರಿನ ಪಾತ್ರೆ ಹಿಡಿದು ನಿಂತಿದ್ದೆ.

“ಈ ಸಲ ಎಮ್ಮೆಲ್ಲೆ ಬೇಡ, ಕಾರ್ಪೊರೇಟರ್ ಬೇಡ ಅಂತ ತೀರ್ಮಾನ ಮಾಡಿದೀವಿ ಗುರುಸಿದ್ದಯ್ಯನೋರೆ. ಅವರನ್ನ ಕಾಯೋದ್ರಲ್ಲಿ ಉಪ್ಪಿಟ್ಟು ಆರಿಹೋಯ್ತದೆ. ನಮ್ಮ ಬಡಾವಣೇಲಿ ಹಿರಿಯರು ನೀವು, ಇಪ್ಪತ್ತಾರನೇ ತಾರೀಕು ಧ್ವಜ ನೀವೇ ಹಾರಿಸ್ಬೇಕು.”

ಗುರುಸಿದ್ದಯ್ಯನವರು ಹೆಗಲ ಟವೆಲಿನ ಅಂಚನ್ನು ಬೆರಳಿಗೆ ಸುತ್ತಿದರು, ಬಿಚ್ಚಿದರು.

“ಒಪ್ಕಳಿ ಅಂದ್ರೆ,” ಎಂದರು ಬಸವಮ್ಮ. “ಇಷ್ಟು ವರ್ಷ ಗಂಟು ಹಾಕಿದ್ದೇ ಆಯ್ತು. ಒಂದ್ಸಲ ಎಳೀರಿ. ಸಂಘಮಿತ್ರನೂ ಮಗೀನ ಕರ್ಕೊಂಡು ಬತ್ತಾಳೆ.”

ಸಂಘಮಿತ್ರ ಅವರ ಮಗಳು, ಚಾಮರಾಜನಗರದಲ್ಲಿ ಹೈಸ್ಕೂಲು ಟೀಚರು. ಮೂರು ದಿನ ‘ನೋಡುವಾ’ ಎಂದು ತಳ್ಳಿದ ಗುರುಸಿದ್ದಯ್ಯನವರು ನಾಲ್ಕನೆಯ ದಿನ ಟೈಲರ್ ಹತ್ತಿರ ಹೋಗಿ ಬಿಳಿ ಶರ್ಟಿಗೆ ಅಳತೆ ಕೊಟ್ಟು ಬಂದರು. ಅಲ್ಲಿಗೆ ಒಪ್ಪಿದರು ಎಂದು ಅರ್ಥ.

ಆಹ್ವಾನ ಪತ್ರಿಕೆಯ ಕೆಲಸ ನನ್ನ ತಲೆಗೆ ಬಂತು. ಮೇಷ್ಟ್ರು ಹೇಳಿದ್ದು ಇಷ್ಟೇ: “ಧ್ವಜ ಹಾರಿಸೋರ ಬಗ್ಗೆ ನಾಲ್ಕು ಸಾಲು ಚೆನ್ನಾಗಿ ಬರಿಯಪ್ಪ. ಅವರನ್ನೇ ಕೇಳಿ ಬರಿ.” ನಾನು ಕೇಳಲು ಇಳಿದಾಗ ಅವರು ಮಗಳ ಊರಿಗೆ ಹೋಗಿದ್ದರು. ಫೋನ್ ಮಾಡಬಹುದಿತ್ತು. ಮಾಡಲಿಲ್ಲ. ಬಸವಮ್ಮನವರು ಬೀರುವಿನಿಂದ ಖಾಕಿ ಹೊದಿಕೆಯ ದಪ್ಪ ನೋಟ್‌ಬುಕ್ಕೊಂದನ್ನು ತೆಗೆದುಕೊಟ್ಟು, “ನಂಗೆ ಅದೆಲ್ಲ ಗೊತ್ತಾಗಲ್ಲ ಕಣಪ್ಪ. ಸರ್ವೀಸಿನ ವಿಚಾರ ಎಲ್ಲ ಇದರಲ್ಲೇ ಬರೀತಿದ್ರು” ಎಂದರು.

ನೋಟ್‌ಬುಕ್ಕು ತೆರೆದವನು ಹಾಗೇ ಮೆಟ್ಟಿಲ ಮೇಲೆ ಕೂತೆ. ಮೊದಲ ಭಾಗದ ತಲೆಯಲ್ಲಿ ದುಂಡಗಿನ ಅಕ್ಷರದಲ್ಲಿ ‘ಗುರುಸಿದ್ದಯ್ಯ – ೧’ ಎಂದಿತ್ತು. ಕೆಳಗೆ: ೧೯೭೧, ಸೆಕೆಂಡ್ ಲೆಫ್ಟಿನೆಂಟ್, ಯುದ್ಧದಲ್ಲಿ. ಆಮೇಲೆ ಕ್ಯಾಪ್ಟನ್, ಮೇಜರ್, ಕರ್ನಲ್; ಜೋಧ್‌ಪುರ, ಲೇಹ್. ‘ಗುರುಸಿದ್ದಯ್ಯ – ೨’ರಲ್ಲಿ ತಹಸೀಲ್ದಾರಿಕೆ, ಎಚ್.ಡಿ. ಕೋಟೆ, ಆಮೇಲೆ ಅಸಿಸ್ಟೆಂಟ್ ಕಮಿಷನರ್. ಮೂರರಲ್ಲಿ ಸಬ್‌ಇನ್‌ಸ್ಪೆಕ್ಟರಿಂದ ಡಿವೈಎಸ್‌ಪಿ. ನಾಲ್ಕರಲ್ಲಿ ನೀರಾವರಿ ಇಲಾಖೆ, ಎಕ್ಸಿಕ್ಯುಟಿವ್ ಇಂಜಿನಿಯರ್. ‘ಗುರುಸಿದ್ದಯ್ಯ – ೫’ ಎಂಬ ತಲೆಬರಹದ ಕೆಳಗೆ ಮಾತ್ರ ಏನೂ ಇರಲಿಲ್ಲ.

ಇವು ಒಬ್ಬ ಮನುಷ್ಯನ ಬದುಕಿನ ಐದು ಅಧ್ಯಾಯಗಳೆಂದು ನಾನು ತಿಳಿದೆ. ಒಬ್ಬನೇ ಮನುಷ್ಯ ೧೯೮೮ರಲ್ಲಿ ಲೇಹ್‌ನಲ್ಲೂ ಎಚ್.ಡಿ. ಕೋಟೆಯಲ್ಲೂ ಹೇಗಿದ್ದ ಎಂಬ ಪ್ರಶ್ನೆ ಬಂತು. ಡೆಪ್ಯುಟೇಷನ್ ಇರಬೇಕು ಎಂದುಕೊಂಡೆ. ನನಗೆ ಆ ಪದದ ಅರ್ಥ ಸರಿಯಾಗಿ ಗೊತ್ತಿರಲಿಲ್ಲ, ಅದರಿಂದ ಅನುಕೂಲವೇ ಆಯಿತು. ಐದನೆಯದು ಖಾಲಿ ಇದ್ದುದನ್ನು ಕಂಡು, ‘ಮುಂದಿನ ಬದುಕಿಗೆ ಬಿಟ್ಟಿದ್ದಾರೆ, ಎಂಥ ಆಶಾವಾದಿ!’ ಎಂದು ಕಣ್ಣು ಒದ್ದೆ ಮಾಡಿಕೊಂಡೆ. ಇಂಥವರು ನನ್ನ ಇಯರ್‌ಫೋನನ್ನು ಎರಡು ಕೈಯಲ್ಲಿ ಹಿಡಿದು ತಂದರಲ್ಲ ಎಂದು ನಾಚಿದೆ.

ಆ ಭಾವಾವೇಶದಲ್ಲಿ ನಾಲ್ಕಲ್ಲ, ಹದಿನಾಲ್ಕು ಸಾಲು ಬರೆದೆ. ‘ಗಡಿಯಲ್ಲಿ ಯೋಧರಾಗಿ, ನಾಡಿನಲ್ಲಿ ತಹಸೀಲ್ದಾರರಾಗಿ, ಬೀದಿಯಲ್ಲಿ ಪೊಲೀಸರಾಗಿ, ನಾಲೆಯಲ್ಲಿ ನೀರಾಗಿ’ ಎಂದೆಲ್ಲ ಬಂತು. ಪ್ರೂಫ್ ಯಾರಿಗೂ ತೋರಿಸಲಿಲ್ಲ. ಮುನ್ನೂರು ಪ್ರತಿ ಅಚ್ಚಾಯಿತು, ಮನೆಮನೆಗೆ ಹಂಚಿಯೂ ಆಯಿತು.

ಇಪ್ಪತ್ತೆರಡನೇ ತಾರೀಕು ಗುರುಸಿದ್ದಯ್ಯನವರು ಊರಿನಿಂದ ಬಂದು ಬಸ್ಸಿಳಿದರೆ, ಬಡಾವಣೆಯೇ ಬದಲಾಗಿತ್ತು. ಆಟೋ ಕುಮಾರಸ್ವಾಮಿ ಸ್ಟ್ಯಾಂಡಿನಲ್ಲೇ ಎದ್ದು ಸೆಲ್ಯೂಟ್ ಹೊಡೆದು, “ಸಾರ್, ಡಿವೈಎಸ್‌ಪಿ ಆಗಿದ್ದೋರು ಅಂತ ಒಂದ್ಮಾತು ಹೇಳಬಾರದಿತ್ತಾ? ಟ್ರಾಫಿಕ್ಕಿನೋರು ನನ್ನ ಡಿಎಲ್ ಇಸ್ಕೊಂಬುಟ್ಟವ್ರೆ. ಒಂದು ಫೋನ್ ಮಾಡಿ ಸಾರ್” ಎಂದ. ತಿರುವಿನ ಮನೆಯ ಪಾರ್ವತಮ್ಮ ಅವರನ್ನು ತಡೆದು ಚರಂಡಿಯ ಹತ್ತಿರ ನಿಲ್ಲಿಸಿಕೊಂಡು, “ನೀವು ಇಂಜಿನಿಯರ್ರು, ನೀವೇ ಹೇಳಿ. ನೀರು ಎತ್ತಲಾಗೆ ಹರೀಬೇಕು?” ಎಂದರು. ಬಿಸಿಲಿಗೆ ಎಲ್ಲರಿಗೂ ಏನೋ ಆಗಿದೆ ಎಂದುಕೊಂಡು ಅವರು ಮನೆಗೆ ಬಂದರೆ, ಮೇಜಿನ ಮೇಲೆ, ಬಸವಮ್ಮನವರು ಓದದೆ ಅವರಿಗೆಂದೇ ಇಟ್ಟಿದ್ದ ನನ್ನ ಕಾರ್ಡಿತ್ತು.

ಸಂಜೆ ಆರಕ್ಕೆ ಅವರು ಮೇಲೆ ಬಂದು, ಎಂದಿನಂತೆ ತೆರೆದ ಬಾಗಿಲ ಪಕ್ಕ ನಿಂತು ತಟ್ಟಿದರು.

“ಯೋಗೇಂದ್ರಪ್ಪ, ಇದು ನೀನು ಬರೆದದ್ದಾ?”

“ಹೌದು ಯಜಮಾನ್ರೆ. ಹೆಂಗಿದೆ?”

“ಅಕ್ಷರ ಚೆನ್ನಾಗಿ ಬಂದದೆ.” ಕಾರ್ಡನ್ನು ಇನ್ನೊಮ್ಮೆ ತಿರುಗಿಸಿ ನೋಡಿದರು. “ಆದ್ರೆ ಇವರ್‍ಯಾರೂ ನಾನಲ್ಲ ಕಣಪ್ಪ.”

ಆಮೇಲೆ ಅಲ್ಲೇ ನಿಂತು ಎಲ್ಲ ಹೇಳಿದರು. ಕೆಲಸಕ್ಕೆ ಸೇರಿದ ಹೊಸದರಲ್ಲಿ ತಹಸೀಲ್ದಾರ್ ಗುರುಸಿದ್ದಯ್ಯನವರ ವರ್ಗಾವಣೆ ಆದೇಶ ಪೊಲೀಸ್ ಗುರುಸಿದ್ದಯ್ಯನವರ ಕೈ ಸೇರಿತ್ತಂತೆ. ಆ ಪೊಲೀಸಿನವರು ಎರಡು ದಿನ ಸಾಮಾನು ಕಟ್ಟಿ ಸಂತೋಷವಾಗಿದ್ದರಂತೆ. ಶಿರಸ್ತೇದಾರರು ಹೊಸ ದಲಾಯತನನ್ನು ಕರೆದು, “ಇವರದೆಲ್ಲ ನಿನ್ನ ಹೆಸರೇ ಅಲ್ವೇನಯ್ಯ? ನೀನೇ ಸರಿಮಾಡು” ಎಂದರಂತೆ. ‘ಗುರುಸಿದ್ದಯ್ಯ, ಆಫೀಸರ್, ಮೈಸೂರು’ ಎಂದಷ್ಟೇ ವಿಳಾಸವಿದ್ದ ಕಾಗದಗಳೆಲ್ಲ ಆ ದೊಡ್ಡ ಕಚೇರಿಗೇ ಬಂದು ಬೀಳುತ್ತಿದ್ದ ಕಾಲ. ಮಿಲಿಟರಿಯವರದೂ ಬರುತ್ತಿತ್ತು. ಅಂದು ಶುರುವಾದ ನೋಟ್‌ಬುಕ್ಕು ಅದು. ಯಾರು ಎಲ್ಲಿದ್ದಾರೆ, ಯಾವ ಹುದ್ದೆ, ಮನೆ ಯಾವುದು, ಎಲ್ಲವೂ ಅದರಲ್ಲಿ. ಸರ್ವೀಸಿನಲ್ಲಿರುವವರದು ಪೆನ್ಸಿಲ್ಲಿನಲ್ಲಿ, ಯಾಕೆಂದರೆ ಬದಲಾಗುತ್ತದೆ. ನಿವೃತ್ತರಾದ ಮೇಲೆ ಅದೇ ಅಕ್ಷರದ ಮೇಲೆ ಇಂಕು.

“ಐದನೆಯದು?” ಎಂದೆ.

“ಅದು ನಾನು. ದಲಾಯತನಿಗೆ ಪೋಸ್ಟಿಂಗೂ ಇಲ್ಲ, ಪ್ರಮೋಷನ್ನೂ ಇಲ್ಲ. ಬರೆಯೋಕೆ ಏನಿತ್ತು?”

ಸ್ಟಿಕ್ಕರ್ ಅಂಟಿಸುತ್ತೇನೆ, ವಾಟ್ಸಾಪಿನಲ್ಲಿ ತಿದ್ದುಪಡಿ ಹಾಕುತ್ತೇನೆ, ಹೊಸದಾಗಿ ಅಚ್ಚು ಹಾಕಿಸುತ್ತೇನೆ ಎಂದು ಒಂದೇ ಉಸಿರಿಗೆ ಹೇಳಿದೆ. ಅವರು ಬೇಡವೆಂದು ತಲೆಯಾಡಿಸಿದರು.

“ಇದು ಬೇರೆಯೋರ ಟಪಾಲು ಕಣಪ್ಪ. ತಪ್ಪಿ ನನ್ನ ಕೈಗೆ ಬಂದದೆ. ಈ ಕಾರ್ಡು ನೋಡಿ ಜನ ಮರ್ಯಾದೆ ಕೊಡ್ತಿರೋದು ಅವರಿಗೆ. ನಾನು ಎಂಗೆ ಇಟ್ಕೊಳ್ಳೋದು? ವಾರಸುದಾರರಿಗೆ ಮುಟ್ಟಿಸ್ಬೇಕು.” ಎರಡನೆಯವರು ತೀರಿಕೊಂಡಿದ್ದರು, ಮೂರನೆಯವರು ಮಗನ ಜೊತೆ ಪುಣೆಯಲ್ಲಿ, ನಾಲ್ಕನೆಯವರು ಹುಬ್ಬಳ್ಳಿಯಲ್ಲಿ. “ಮೊದಲನೆಯೋರು ಯಾದವಗಿರೀಲೇ ಅವ್ರೆ. ಕರ್ನಲ್ ಆಗಿ ರಿಟೈರಾದ್ರು. ಯುದ್ಧ ಮಾಡಿದೋರು. ಅವರೇ ಬಂದು ಎಳೀಲಿ.”

ಕೆಳಗಿನಿಂದ ಬಸವಮ್ಮನವರಿಗೆ ಇದೆಲ್ಲ ಕೇಳಿಸುತ್ತಿತ್ತು. ಅವರು ಮೆಟ್ಟಿಲ ಬುಡದಲ್ಲಿ ನಿಂತು, ಮೊದಲು ಗಂಡನನ್ನು ತರಾಟೆಗೆ ತೆಗೆದುಕೊಂಡರು: “ಶರ್ಟು ಹೊಲಿಸ್ಬುಟ್ಟು, ಮಗಳಿಗೆ ರಜಾ ಹಾಕ್ಸ್‌ಬುಟ್ಟು, ಈಗ ಬೇರೆಯೋರ ಕೈಗೆ ಹಗ್ಗ ಕೊಡ್ತೀನಿ ಅಂತೀರಲ್ಲ!” ಆಮೇಲೆ ನನ್ನನ್ನು: “ನಿಂಗೆ ಒಂದ್ಮಾತು ಕೇಳೋಕೆ ಬಾಯಿರಲಿಲ್ವಾ? ಸಾರು ಬೇಕು ಅಂದಾಗ ಮಾತ್ರ ಬಾಯಿ ಬತ್ತದೆ!”

ಅಂದು ನಾನು ಹೊರಗೆ ಊಟ ಮಾಡಿದೆ.

ಮಾರನೆಯ ಬೆಳಿಗ್ಗೆ ನನ್ನ ಸ್ಕೂಟರಿನ ಹಿಂದೆ ಕೂತು, ನೋಟ್‌ಬುಕ್ಕನ್ನೂ ಕಾರ್ಡನ್ನೂ ಎದೆಗವಚಿಕೊಂಡು, ಗುರುಸಿದ್ದಯ್ಯನವರು ಯಾದವಗಿರಿಗೆ ಹೊರಟರು. ಅವರು ಹಗ್ಗ ಬಿಟ್ಟುಕೊಡಲು ಹೋಗುತ್ತಿದ್ದರು, ನಾನು ಅವರನ್ನು ಕೂರಿಸಿಕೊಂಡು ಹೋಗುತ್ತಿದ್ದೆ. ದಾರಿಯಲ್ಲಿ ಎರಡು ಸಲ ಪೆಟ್ರೋಲ್ ಮುಗಿದಂತೆ ನಟಿಸಲೇ ಎಂದು ಯೋಚಿಸಿದೆ. ನನ್ನ ನಟನೆಯ ಮೇಲೆ ನನಗೇ ನಂಬಿಕೆಯಿಲ್ಲ.

ಆ ರಸ್ತೆಗಳಲ್ಲಿ ಅವರು ವಿಳಾಸ ಕೇಳಲಿಲ್ಲ. “ಎಡಕ್ಕೆ. ಆ ಮಾವಿನ ಮರ ದಾಟಿ ಬಲಕ್ಕೆ” ಎಂದು ಹೇಳುತ್ತ ಬಂದರು. ಗೇಟಿನ ಹಿತ್ತಾಳೆ ಫಲಕದಲ್ಲಿ ಹೆಸರು, ಹೆಸರಿನ ಹಿಂದೆ ಕರ್ನಲ್, ಮುಂದೆ ನಿವೃತ್ತ. ಗುರುಸಿದ್ದಯ್ಯನವರು ಟವೆಲಿನ ತುದಿಯಿಂದ ಅದರ ಧೂಳೊರೆಸಿ ಆಮೇಲೆ ಬೆಲ್ ಒತ್ತಿದರು.

ಸ್ವೆಟರ್ ಹಾಕಿಕೊಂಡು, ನೆಟ್ಟಗೆ ನಡೆಯುವ, ಎಪ್ಪತ್ತೈದು ದಾಟಿದ ಮನುಷ್ಯ ಹೊರಗೆ ಬಂದರು. ವರಾಂಡದಲ್ಲಿ ಕೂರಿಸಿ, ತಾವೇ ಬಂದು ಧ್ವಜ ಹಾರಿಸಬೇಕೆಂಬ ಗುರುಸಿದ್ದಯ್ಯನವರ ಕೋರಿಕೆ ಕೇಳಿ, ಭೂತಕನ್ನಡಿ ತರಿಸಿಕೊಂಡು, ಕಾರ್ಡನ್ನು ಕೊನೆಯವರೆಗೂ ಓದಿದರು. ಆ ಕಾರ್ಡನ್ನು ಪೂರ್ತಿ ಓದಿದ ಮೊದಲ ಮನುಷ್ಯ ಅವರೇ ಇರಬೇಕು.

“ಇಷ್ಟೆಲ್ಲ ಕೆಲಸ ಮಾಡಿದ ಮನುಷ್ಯ ಊಟ ಯಾವಾಗ ಮಾಡ್ತಿದ್ದನಂತೆ?” ಎಂದರು.

“ತಪ್ಪು ನಂದು ಸರ್,” ಎಂದೆ.

“ಅದು ಗೊತ್ತಾಯ್ತು. ‘ನಾಲೆಯಲ್ಲಿ ನೀರಾಗಿ’ ಅಂತ ವಯಸ್ಸಾದೋರು ಬರೆಯಲ್ಲ.” ಆಮೇಲೆ ಗುರುಸಿದ್ದಯ್ಯನವರನ್ನು ದಿಟ್ಟಿಸಿ ನೋಡಿದರು. “ನಿಮ್ಮನ್ನ ಎಲ್ಲೋ ನೋಡಿದೀನಲ್ಲ...”

“ಎಂಬತ್ತೇಳರಲ್ಲಿ ಸರ್. ರಜದಲ್ಲಿ ಬಂದಿದ್ರಿ. ವಾಪಸ್ ಕರೆದು ಟೆಲಿಗ್ರಾಂ ಬಂತು. ಮನೇಲಿ ಬೀಗ ಇತ್ತು, ಛತ್ರಕ್ಕೆ ಬಂದು ಕೊಟ್ಟೆ.”

“ಪಾಯಸ!” ಎಂದು ಕರ್ನಲ್ ಕುರ್ಚಿಯ ಕೈ ತಟ್ಟಿದರು. ನನ್ನ ಕಡೆ ತಿರುಗಿ, “ನನ್ನ ತಂಗಿ ಮದುವೆ ಊಟಕ್ಕೆ ಕೂತಿದ್ದೆ ಕಣಯ್ಯ. ಈ ಮನುಷ್ಯ ಕಂಬದ ಹತ್ರ ನಿಂತಿದ್ರು. ನಾನು ಪಾಯಸ ಮುಗಿಸಿ ಕೈ ತೊಳೆದ ಮೇಲೆ ಬಂದು ಟೆಲಿಗ್ರಾಂ ಕೊಟ್ಟರು. ಅಲ್ರೀ, ಅರ್ಜೆಂಟು ಅಂತ ಬರೆದಿತ್ತಲ್ಲ, ಯಾಕೆ ಕಾದ್ರಿ?”

“ರೈಲು ರಾತ್ರಿಗಿತ್ತು ಸರ್. ಟೈಮ್ ನೋಡ್ಕೊಂಡೇ ಬಂದಿದ್ದೆ.”

ಕರ್ನಲ್ ನೋಟ್‌ಬುಕ್ಕು ತೆಗೆದುಕೊಂಡು ತಮ್ಮ ಪುಟಗಳನ್ನು ಓದಿದರು. ಒಂದು ಕಡೆ ಬೆರಳಿಟ್ಟು, ಜೋಧ್‌ಪುರಕ್ಕೆ ಹೋದದ್ದು ಜೂನ್‌ನಲ್ಲಿ, ಇಲ್ಲಿ ಮೇ ಅಂತಿದೆ ಎಂದರು. ಗುರುಸಿದ್ದಯ್ಯನವರು ಬಗ್ಗಿ ನೋಡಿ, “ಆದೇಶ ಮೇನಲ್ಲಿ ಸರ್. ನೀವು ಹೊರಟದ್ದು ಜೂನ್ ನಾಲ್ಕು. ಕೆಳಗಿನ ಸಾಲಲ್ಲಿ ಅದೆ” ಎಂದರು. ಅಲ್ಲಿ ಇತ್ತು.

ಕರ್ನಲ್ ಪುಸ್ತಕ ಮುಚ್ಚಿದರು. “ನನ್ನ ಮಕ್ಕಳಿಗೂ ಇದು ಇಷ್ಟು ಗೊತ್ತಿಲ್ಲ,” ಎಂದು ಅದನ್ನು ಗುರುಸಿದ್ದಯ್ಯನವರ ಕೈಗೆ ಕೊಟ್ಟರು. “ನಾನು ಎಷ್ಟೋ ಕಡೆ ಧ್ವಜ ಹಾರಿಸಿದೀನಿ ಗುರುಸಿದ್ದಯ್ಯ. ಎಳೆದೆ, ಹೂ ಬಿತ್ತು, ಸೆಲ್ಯೂಟ್ ಮಾಡಿದೆ. ಕಟ್ಟಿದೋರು ಯಾರು ಅಂತ ಒಂದು ಸಲಾನೂ ತಿರುಗಿ ನೋಡ್ಲಿಲ್ಲ.”

“ಸರಿಯಾಗಿ ಬಿಚ್ಕೊಂಡ್ರೆ ಯಾರೂ ನೋಡಲ್ಲ ಸರ್. ನೋಡಿದ್ರು ಅಂದ್ರೆ ನಮ್ಮ ತಪ್ಪು ಅಂತಲೇ.”

“ಬರ್ತೀನಿ. ಆದ್ರೆ ಎಳೆಯೋದು ನೀವು. ಕಟ್ಟೋದು ನಾನು.”

“ಅದೆಂಗಾದದು ಸರ್? ತಾವು...”

“ಇದು ಆರ್ಡರ್.”

ಗುರುಸಿದ್ದಯ್ಯನವರು ಎದ್ದು ನಿಂತರು. ಬಹಳ ಸಂಕೋಚದಿಂದ, ಆದರೆ ಸ್ಪಷ್ಟವಾಗಿ ಹೇಳಿದರು: “ಬರವಣಿಗೇಲಿ ಕೊಟ್ರೆ ಒಳ್ಳೇದು ಸರ್. ಬಾಯಿಮಾತಿನ ಆರ್ಡರು ನಡೆಯಲ್ಲ.”

ಕರ್ನಲ್ ಜೋರಾಗಿ ನಕ್ಕು, ನನ್ನ ಹದಿನಾಲ್ಕು ಸಾಲಿನ ಕಾರ್ಡಿನ ಹಿಂಬದಿಯಲ್ಲೇ ಬರೆದು, ಸಹಿ ಹಾಕಿ, ತಾರೀಕು ಹಾಕಿ ಕೊಟ್ಟರು. ವಾಪಸ್ಸು ಬರುವಾಗ ಗುರುಸಿದ್ದಯ್ಯನವರು ಅದನ್ನು ಜೇಬಿನಲ್ಲಿ ಇಟ್ಟುಕೊಳ್ಳಲಿಲ್ಲ, ನೋಟ್‌ಬುಕ್ಕಿನೊಳಗೆ ಇಟ್ಟುಕೊಂಡಿದ್ದರು.

ಇಪ್ಪತ್ತಾರರ ಬೆಳಿಗ್ಗೆ ಆರೂವರೆಗೆ, ಇಬ್ಬನಿ ಆರುವ ಮೊದಲೇ, ಕರ್ನಲ್ ನಮ್ಮ ಬಡಾವಣೆಯ ಪಾರ್ಕಿಗೆ ಬಂದರು. ಧ್ವಜಕ್ಕೆ ಕೈ ಹಾಕಿದರು. ಗುರುಸಿದ್ದಯ್ಯನವರು ಕೆಮ್ಮಿದರು.

“ಏನು?”

“ಮೊದಲು ಟವೆಲು ಸರ್.”

“ನನ್ನ ಗಂಟನ್ನ ಪರೀಕ್ಷೆ ಮಾಡ್ತೀರಾ?”

“ನಿಮ್ಮ ಗಂಟಲ್ಲ ಸರ್, ಯಾರ ಗಂಟಾದ್ರೂ ಅಷ್ಟೆ.”

ಕರ್ನಲ್ ಟವೆಲು ಕಟ್ಟಿ ಮೇಲೇರಿಸಿದರು. ಗುರುಸಿದ್ದಯ್ಯ ಎಳೆದರು. ಟವೆಲು ಬಿಚ್ಚಿಕೊಳ್ಳಲಿಲ್ಲ. ಇನ್ನೊಮ್ಮೆ ಎಳೆದರು. ಟವೆಲು ಬಾವಲಿಯ ಹಾಗೆ ನೇತಾಡಿತು. “ಒಂದು ಸುತ್ತು ಜಾಸ್ತಿ ಆಯ್ತು ಸರ್” ಎಂದು ಇಳಿಸಿಕೊಟ್ಟರು. ಎರಡನೇ ಸಲ ಗಂಟು ಸಡಿಲವಾಗಿ ಟವೆಲು ಮೇಲೇರುವ ಮೊದಲೇ ಬಿಚ್ಚಿ ನನ್ನ ತಲೆಯ ಮೇಲೆ ಬಿತ್ತು. ಮೂರನೇ ಸಲ ಸರಿಹೋಯಿತು. ಕರ್ನಲ್ಲರ ಹಣೆಯಲ್ಲಿ ಆ ಚಳಿಯಲ್ಲೂ ಬೆವರಿತ್ತು. ಆಮೇಲೆ ಧ್ವಜ ಮಡಿಸುವಾಗ ಗುರುಸಿದ್ದಯ್ಯನವರು ಕೈ ಹಿಂದೆ ಕಟ್ಟಿಕೊಂಡು ನಿಂತಿದ್ದರು. ಆ ಕೈಗಳು ಸುಮ್ಮನಿರಲಾರದೆ ಹಿಂದೆಯೇ ಗಂಟು ಹಾಕುತ್ತಿದ್ದವು.

ಎಂಟಕ್ಕೆ ಜನ ಸೇರಿದರು. ಶಿಕ್ಷೆಯೆಂದು ಮೇಷ್ಟ್ರು ನನ್ನ ಕೈಗೇ ಮೈಕು ಕೊಟ್ಟಿದ್ದರು. “ಕಾರ್ಡಿನಲ್ಲಿ ನಾನು ಬರೆದದ್ದು ನಾಲ್ವರು ಬೇರೆ ಬೇರೆ ಗುರುಸಿದ್ದಯ್ಯನವರ ವಿಚಾರ,” ಎಂದು ಓದಿದೆ. “ಇವತ್ತು ಧ್ವಜ ಹಾರಿಸುವವರು ಐದನೆಯವರು, ಮೂವತ್ತಾರು ವರ್ಷ ದಲಾಯತರಾಗಿದ್ದವರು. ಆ ನಾಲ್ವರ ಕಾಗದಗಳು ಅವರವರಿಗೇ ತಲುಪಿದ್ದು ಇವರಿಂದ. ಇವರು ಕಟ್ಟಿದ ಧ್ವಜ ಒಂದು ಸಲವೂ ಸಿಕ್ಕಿಹಾಕಿಕೊಂಡಿಲ್ಲ.” ಈ ಸಲ ನಾಲ್ಕೇ ಸಾಲು. ಪ್ರೂಫನ್ನು ಗುರುಸಿದ್ದಯ್ಯನವರಿಗೆ ತೋರಿಸಿ, ಸಹಿ ಹಾಕಿಸಿಕೊಂಡಿದ್ದೆ.

ಕೆಲವರು ಕೈಯಲ್ಲಿದ್ದ ಕಾರ್ಡನ್ನು ಇನ್ನೊಮ್ಮೆ ನೋಡಿದರು.

“ಅಂಗಾದ್ರೆ ನನ್ನ ಡಿಎಲ್ಲು?” ಎಂದ ಕುಮಾರಸ್ವಾಮಿ.

“ನಮ್ಮ ಚರಂಡಿ?” ಎಂದರು ಪಾರ್ವತಮ್ಮ.

ಜನ ನಕ್ಕರು. ನಗುತ್ತಲೇ ಮೊದಲು ಚಪ್ಪಾಳೆ ತಟ್ಟಿದವಳು ಸಂಘಮಿತ್ರ, ಆಮೇಲೆ ಎಲ್ಲರೂ.

ಗುರುಸಿದ್ದಯ್ಯನವರು ಗರಿಗರಿ ಬಿಳಿ ಶರ್ಟಿನಲ್ಲಿ ಕಂಬದ ಹತ್ತಿರ ಹೋದರು. ಹಗ್ಗ ಹಿಡಿದು ಮೇಲೆ ನೋಡಿದರು. ಪಕ್ಕದಲ್ಲಿ ಕರ್ನಲ್, ಯುದ್ಧ ಕಂಡ ಮನುಷ್ಯ, ಉಸಿರು ಬಿಗಿಹಿಡಿದು ಗಂಟನ್ನೇ ನೋಡುತ್ತಿದ್ದರು. ಗುರುಸಿದ್ದಯ್ಯ ಒಮ್ಮೆ ಎಳೆದರು. ಒಂದೇ ಸಲ. ಧ್ವಜ ಬಿಚ್ಚಿಕೊಂಡಿತು, ಸೇವಂತಿಗೆ ದಳಗಳು ಅವರ ತಲೆ, ಹೆಗಲು, ಕನ್ನಡಕದ ಮೇಲೆ ಉದುರಿದವು. ಅವರು ಹಗ್ಗದ ತುದಿಯನ್ನು ಕೊಕ್ಕೆಗೆ ಸುತ್ತಿ ಭದ್ರ ಮಾಡಿ, ಆಮೇಲೆ ನೆಟ್ಟಗೆ ನಿಂತು ಸೆಲ್ಯೂಟ್ ಮಾಡಿದರು. ರಾಷ್ಟ್ರಗೀತೆ ಮುಗಿದ ಮೇಲೆ ಹಿಂದಕ್ಕೆ ತಿರುಗಿ, ಕಟ್ಟಿದವರನ್ನು ನೋಡಿ ತಲೆಬಾಗಿದರು. ಕರ್ನಲ್ ಆಗಷ್ಟೇ ಉಸಿರು ಬಿಟ್ಟರು.

ಉಪ್ಪಿಟ್ಟು ಆರಿರಲಿಲ್ಲ. ಬಸವಮ್ಮನವರು ನನ್ನ ತಟ್ಟೆಗೆ ಎರಡು ಸೌಟು ಕೇಸರಿಬಾತು ಹಾಕಿ, “ತಿನ್ನು. ಸಂಜೆ ಸಾರಿಗೆ ಪಾತ್ರೆ ತಗಂಡು ಬಾ” ಎಂದರು. ನನ್ನ ಮೇಲಿನ ವಿಚಾರಣೆ ಅಲ್ಲಿಗೆ ಮುಗಿಯಿತು.

ಸಂಜೆ ಪಾತ್ರೆ ಹಿಡಿದು ಕೆಳಗಿಳಿದರೆ ಗುರುಸಿದ್ದಯ್ಯನವರು ನೋಟ್‌ಬುಕ್ಕು ತೆರೆದು ಕೂತಿದ್ದರು. ಮೊದಲ ಗುರುಸಿದ್ದಯ್ಯನವರ ಕೊನೆಯ ಪುಟದಲ್ಲಿ ಇಂಕಿನಲ್ಲಿ ಹೊಸ ಸಾಲೊಂದಿತ್ತು: ‘ಜನವರಿ ೨೬. ನಮ್ಮ ಬಡಾವಣೆಯಲ್ಲಿ ಧ್ವಜ ಕಟ್ಟಿದರು. ಮೂರನೇ ಪ್ರಯತ್ನ.’ ಐದನೆಯ ಪುಟವೂ ಖಾಲಿ ಇರಲಿಲ್ಲ. ಒಂದೇ ಸಾಲು: ‘ಜನವರಿ ೨೬. ಎಳೆದರು.’

ಅದು ಪೆನ್ಸಿಲ್ಲಿನಲ್ಲಿತ್ತು.

“ಯಜಮಾನ್ರೆ, ನೀವು ರಿಟೈರಾಗಿ ವರ್ಷಗಳಾಯ್ತಲ್ಲ. ಇಂಕಲ್ಲಿ ಬರೀಬೇಕಲ್ವಾ?”

“ಇರ್ಲಿ ಕಣಪ್ಪ,” ಎಂದು ಅವರು ಪೆನ್ಸಿಲ್ಲನ್ನು ಕಿವಿಯ ಹಿಂದೆ ಸಿಕ್ಕಿಸಿಕೊಂಡರು. “ಆಗಸ್ಟಿಗೆ ಮೇಷ್ಟ್ರು ಎಳೀತಾರಂತೆ. ಕಟ್ಟೋಕೆ ನಂಗೇ ಹೇಳವ್ರೆ.”